ನಾಲಿಗೆಯ ಕೆಳಗಿನ ಕೆಂಪು ದಾರ

ತಂಗಿ ರಾಮದುರ್ಗದಿಂದ ಹೆರಿಗೆಗೆಂದು ಬಂದದ್ದು ಚಳಿಗಾಲದಲ್ಲಿ, ಕಬ್ಬಿನ ಕಟಾವು ಜೋರಾಗಿದ್ದಾಗ. ತವರು ಅಂದರೆ ಹೂಲಿಗೇ ಹೋಗಬೇಕಿತ್ತು. ಆದರೆ ದವಾಖಾನೆ ಹತ್ತಿರವಿರಲಿ ಎಂದು ಬೈಲಹೊಂಗಲದ ನಮ್ಮ ಮನೆಯಲ್ಲೇ ಬಾಣಂತನ ಮಾಡುವುದೆಂದು ಅವ್ವ ಹೇಳಿದಳು. ಹೂಲಿಯಲ್ಲಿ ಅಣ್ಣನ ಸಂಸಾರದ ಜೊತೆಗಿದ್ದ ಅವಳು ತಾನೂ ಬಂದು ನಮ್ಮಲ್ಲಿ ಉಳಿದಳು. ಬರುವಾಗ ಹಳೆಯ ಸೀರೆ, ಧೋತರ, ಅಪ್ಪನ ಮೆತ್ತಗಾದ ಅಂಗಿಗಳನ್ನೆಲ್ಲ ಒಂದು ಗಂಟು ಕಟ್ಟಿ ತಂದಿದ್ದಳು. ಹುಟ್ಟುವ ಕೂಸಿಗೆ ಕೌದಿ ಹೊಲಿಯಬೇಕಿತ್ತು.

ದಿನಾ ಬೆಳಿಗ್ಗೆ ಬಿಸಿಲು ಅಂಗಳಕ್ಕೆ ಇಳಿಯುತ್ತಲೇ ಅವಳು ಚಾಪೆ ಹಾಸಿ, ಬಟ್ಟೆಗಳನ್ನು ಪದರು ಪದರಾಗಿ ಹರವಿ, ಅಂಚಿನಿಂದ ಒತ್ತೊತ್ತಾಗಿ ಹೊಲಿಗೆ ಹಾಕುತ್ತ ಕೂರುತ್ತಿದ್ದಳು. ಕಣ್ಣಿನ ಆಪರೇಷನ್ ಆದ ಮೇಲೆ ಸೂಜಿಯ ಕಣ್ಣು ಅವಳಿಗೆ ಸರಿಯಾಗಿ ಕಾಣುತ್ತಿರಲಿಲ್ಲ. ಪಕ್ಕದಲ್ಲಿ ಗೋಡೆಗೆ ಒರಗಿ ಕುಳಿತ ತಂಗಿ ದಾರ ಪೋಣಿಸಿ ಕೊಡುತ್ತಿದ್ದಳು. ಇಬ್ಬರ ನಡುವೆ, ಹಾಸಿದ ಬಟ್ಟೆಯ ಮೇಲೇ, ನಮ್ಮ ನಾಯಿ.

ಅದು ಯಾವ ಜಾತಿಯದೂ ಅಲ್ಲ. ನನ್ನ ಗಂಡನದು ಪಂಪ್‌ಸೆಟ್ ರಿಪೇರಿ ಅಂಗಡಿ. ನೇಸರಗಿಯ ಒಂದು ತೋಟಕ್ಕೆ ಮೋಟರ್ ಬಿಚ್ಚಲು ಹೋದವರು ಸಂಜೆ ಮೋಟರಿನ ಜೊತೆಗೆ ಒಂದು ಕಂದುಬಣ್ಣದ ಮರಿಯನ್ನೂ ಗಾಡಿಯಿಂದ ಇಳಿಸಿದ್ದರು. ಬೆಳೆದ ಮೇಲೆ ಉದ್ದ ಕಾಲು, ಸಪೂರ ಹೊಟ್ಟೆ, ಸದಾ ಹಸಿದವರ ಮುಖ. ಸಿಕ್ಕಿದ್ದನ್ನೆಲ್ಲ ಬಾಯಿಗೆ ಹಾಕಿಕೊಳ್ಳುವ ಚಾಳಿ ಮೊದಲಿನಿಂದಲೂ ಇತ್ತು. ಸಾಬೂನಿನ ಚೂರು, ಚಪ್ಪಲಿಯ ಬಾರು, ನನ್ನ ಶಾಲೆಯ ಡಸ್ಟರಿನ ಮೂಲೆ ಎಲ್ಲ ಅದರ ಹೊಟ್ಟೆಗೆ ಹೋಗಿ, ಎರಡನೇ ದಿನ ಹಿತ್ತಿಲಲ್ಲಿ ಹೊರಗೆ ಬಂದಿದ್ದವು. ಹಾಗಾಗಿ ನಾವು ಬೈಯುತ್ತಿದ್ದೆವೇ ಹೊರತು ಹೆದರುತ್ತಿರಲಿಲ್ಲ. ತಂಗಿ ಬಂದ ದಿನದಿಂದ ಅದು ಅವಳನ್ನು ಬಿಟ್ಟು ಸರಿಯುತ್ತಲೇ ಇರಲಿಲ್ಲ. ಅವಳು ಬಚ್ಚಲಿಗೆ ಹೋದರೂ ಬಾಗಿಲ ಮುಂದೆ ಕಾಯುತ್ತ ಮಲಗುತ್ತಿತ್ತು.

ನಾನು ಊರಿನ ಒಂದು ಹೈಸ್ಕೂಲಿನಲ್ಲಿ ಕಲಿಸುತ್ತೇನೆ. ಆ ದಿನ ಮಧ್ಯಾಹ್ನ ಮನೆಗೆ ಬಂದಾಗ ಅವ್ವ ಅಂಗಳದಲ್ಲಿ ಮೊಣಕಾಲೂರಿ ಚಾಪೆಯ ಕೆಳಗೆ ಕೈಯಾಡಿಸುತ್ತಿದ್ದಳು.

"ಏನ್ ಹುಡಕಾಕ ಹತ್ತೀ ಅವ್ವಾ?"

"ಸೂಜಿ. ಇಲ್ಲೇ ಕೌದಿ ಅಂಚಿಗೆ ಚುಚ್ಚಿಟ್ಟಿದ್ದೆ. ನಿಮ್ಮಣ್ಣನ ಫೋನ್ ಬಂತಂತ ಒಳಗ ಹೋದೆ. ಬಂದು ನೋಡತೇನಿ, ಸೂಜೀನೂ ಇಲ್ಲ, ದಾರಾನೂ ಇಲ್ಲ."

"ಕೌದ್ಯಾಗ ಸೇರಿರಬೇಕು ತಗೋ."

"ಸೇರಿದ್ರ ದಾರ ಮ್ಯಾಲ ಕಾಣತಿತ್ತಲಾ? ಉದ್ದನ್ನ ಕೆಂಪು ದಾರ. ಈಗಷ್ಟ ಪೋಣಿಸಿ ಕೊಟ್ಟು ಮಲಗಾಕ ಹೋದ್ಲು ನಿನ್ನ ತಂಗಿ. ಒಂದ್ ಹೊಲಿಗೀನೂ ಹಾಕಿದ್ದಿಲ್ಲ."

ಆಗ ನನಗೆ ಚಿಂತೆಯಾದದ್ದು ಕೂಸಿನ ಬಗ್ಗೆ. ಆ ಕೌದಿಯ ಪದರುಗಳ ನಡುವೆ ಎಲ್ಲೋ ಒಂದು ಸೂಜಿ ಇದೆ, ನಾಳೆ ಅದರ ಮೇಲೆ ಎಳೆಯ ಮೈಯೊಂದನ್ನು ಮಲಗಿಸುತ್ತೇವೆ ಎಂದು ನೆನೆದೆ. ಬ್ಯಾಗು ಕೆಳಗಿಟ್ಟು ನಾನೂ ಕುಳಿತೆ. ಇಬ್ಬರೂ ಒಂದೊಂದು ಅಂಚಿನಿಂದ ಅಂಗೈಯೂರಿ ಒತ್ತುತ್ತ ಬಂದೆವು. ಏನೂ ಚುಚ್ಚಲಿಲ್ಲ. ಊಟಕ್ಕೆ ಬಂದ ಗಂಡ ಅಂಗಡಿಗೆ ವಾಪಸು ಹೋಗಿ ಹಳೆಯ ಸ್ಪೀಕರಿನ ಒಂದು ದೊಡ್ಡ ಅಯಸ್ಕಾಂತ ತಂದರು. ಅದನ್ನು ಕೌದಿಯ ಮೇಲೆ, ಚಾಪೆಯ ಮೇಲೆ, ಅಂಗಳದ ಮಣ್ಣಿನ ಮೇಲೆ ಎಳೆದಾಡಿದರು. ಒಂದು ತುಕ್ಕು ಹಿಡಿದ ಮೊಳೆ ಅಂಟಿಕೊಂಡಿತು. ಸೂಜಿ ಮಾತ್ರ ಸಿಗಲಿಲ್ಲ.

ಅವರು ಎದ್ದು ನಿಂತು, ತಂಗಿ ಒಳಗೆ ಮಲಗಿರುವುದನ್ನು ಖಾತ್ರಿ ಮಾಡಿಕೊಂಡು, ದನಿ ತಗ್ಗಿಸಿ ಕೇಳಿದರು: "ಅತ್ತಿ, ನೀವು ಒಳಗ ಹೋದಾಗ ನಾಯಿ ಎಲ್ಲಿತ್ತು?"

ಅವ್ವ ಸೂಜಿ ಚುಚ್ಚಿಟ್ಟಿದ್ದ ಅಂಚಿನ ಪಕ್ಕಕ್ಕೇ ಬೆರಳು ತೋರಿಸಿದಳು. ಫೋನ್ ಬರುವ ಸ್ವಲ್ಪ ಮುಂಚೆ ಅವಳೂ ತಂಗಿಯೂ ಅಂಗಳದಲ್ಲೇ ತುಪ್ಪ ಹಚ್ಚಿಕೊಂಡು ಶೇಂಗಾ ಹೋಳಿಗೆ ತಿಂದಿದ್ದರು. ತುಪ್ಪದ ಕೈಯಲ್ಲೇ ದಾರವನ್ನು ಹೊಸೆದು, ಗಂಟು ಹಾಕಿದ್ದಳು ಅವ್ವ.

ನಾಯಿ ತುಳಸಿಕಟ್ಟೆಯ ನೆರಳಲ್ಲಿ ಮಲಗಿತ್ತು. ಕರೆದರೆ ಬಾಲ ಆಡಿಸುತ್ತ ಬಂತು. ಒಮ್ಮೆ ಮುಂಗಾಲಿನಿಂದ ಮೂತಿ ಉಜ್ಜಿಕೊಂಡಿತು, ಅಷ್ಟೆ. ಪಕ್ಕದ ಮನೆಯ ಹೆಣ್ಣುಮಗಳು ಗೋಡೆಯ ಮೇಲಿಂದ ಇಣುಕಿ, "ಬಾಳಿಹಣ್ಣ ತಿನಸ್ರಿ ಟೀಚರ್, ಸೂಜಿಗೆ ಸುತಗೊಂಡು ತಾನ ಹೊಳ್ಳಿ ಹೊರಗ ಬರತೈತಿ" ಎಂದಳು. ಬಾಳೆಹಣ್ಣನ್ನು ಮೂಸಿ ನೋಡಿ ನಾಯಿ ಮುಖ ತಿರುಗಿಸಿತು. ತಿನ್ನುವುದನ್ನು ಅದು ಬೇಡವೆಂದದ್ದನ್ನು ನಾನು ಹಿಂದೆಂದೂ ನೋಡಿರಲಿಲ್ಲ.

ಸಂಜೆಗೆ ಅನ್ನಹಾಲನ್ನೂ ಮುಟ್ಟಲಿಲ್ಲ. ನಾವು ತಂಗಿಗೆ ಏನೂ ಹೇಳಲಿಲ್ಲ. "ನಾಯಿಗೆ ಒಂಚೂರು ಜ್ವರ ಬಂದೇತಿ" ಎಂದಳು ಅವ್ವ. ಹಾಗೆ ಹೇಳಿ ಅಡುಗೆಮನೆಗೆ ಬಂದು ನನ್ನ ಮೊಣಕೈ ಹಿಡಿದುಕೊಂಡಳು.

"ಕೂಸಿನ ಕೌದಿ ಹೊಲ್ಯೂ ಸೂಜಿ ಯವ್ವಾ. ಆ ಸೂಜಿ ಒಂದ್ ಜೀವಾ ತಗೊಂಡ್ರ ಹೆಂಗ? ಹೊಟ್ಟೀಲೆ ಇದ್ದಾಕಿ ಮನ್ಯಾಗ ಹಿಂಗ ಆಗಬಾರದಿತ್ತು."

"ಹಂಗ ಏನೂ ಆಗೂದಿಲ್ಲ ಅವ್ವಾ" ಎಂದೆ. ಹೇಳುವಾಗ ನನಗೇ ನಂಬಿಕೆ ಇರಲಿಲ್ಲ.

ಮಾರನೇ ದಿನ ಬೆಳಿಗ್ಗೆ ಬಾಗಿಲು ತೆಗೆದರೆ ಹಿತ್ತಿಲ ಕಲ್ಲಿನ ಮೇಲೆ ಹಳದಿ ನೊರೆ ಕಾರಿಕೊಂಡಿತ್ತು. ನಾಯಿ ಬೆನ್ನು ಬಾಗಿಸಿ, ಮುಂಗಾಲು ಚಾಚಿ, ಹಿಂದಿನ ಭಾಗವನ್ನು ಮೇಲೆತ್ತಿ ವಿಚಿತ್ರವಾಗಿ ನಿಂತಿತ್ತು. ಯಾರಿಗೋ ನಮಸ್ಕಾರ ಮಾಡುವವರ ಹಾಗೆ. ಹೊಟ್ಟೆ ನೋವಿದ್ದಾಗ ನಾಯಿಗಳು ಹಾಗೆ ನಿಲ್ಲುತ್ತವೆ ಎಂದು ನನಗೆ ಆಮೇಲೆ ಗೊತ್ತಾಯಿತು. ಗಂಡ ಅದರ ದವಡೆ ಹಿಡಿದು ಬಾಯಿ ತೆರೆದರು. ನಾನು ಮೊಬೈಲಿನ ಬೆಳಕು ಬಿಟ್ಟೆ. ಗಂಟಲಲ್ಲಿ ಏನೂ ಕಾಣಲಿಲ್ಲ. ನಾಲಿಗೆಯನ್ನು ಪಕ್ಕಕ್ಕೆ ಸರಿಸಿ ಎತ್ತಿದಾಗ, ಅದರ ಬುಡದಲ್ಲಿ, ಒಂದು ಗೆರೆ. ರಕ್ತವೆಂದುಕೊಂಡೆ. ಅದು ದಾರ. ನಾಲಿಗೆಯ ಬುಡವನ್ನು ಸುತ್ತಿಕೊಂಡು, ಮಾಂಸದಲ್ಲಿ ಅರ್ಧ ಹೂತು, ಎರಡೂ ಎಳೆ ಗಂಟಲೊಳಕ್ಕೆ ಇಳಿದುಹೋಗಿತ್ತು.

ಹಿಂದೆ ನಿಂತಿದ್ದ ಅವ್ವ ನನ್ನನ್ನು ಸರಿಸಿ ಕೈ ಚಾಚಿದಳು. "ತಡೀ, ನಾ ಮೆಲ್ಲಕ ಎಳೀತೇನಿ. ಬರತೈತಿ."

ಅವಳ ಉಗುರು ದಾರಕ್ಕೆ ಸಿಕ್ಕಿಯೂ ಆಗಿತ್ತು. ನಾಯಿ ಕುಂಯ್ ಎಂದಿತು. ಅದು ಕೂಗಿದ ರೀತಿ ಕೇಳಿ ಗಂಡ ಅದರ ದವಡೆಯಿಂದ ಕೈ ತೆಗೆದುಬಿಟ್ಟರು. ನಾನು ತಾಲೂಕಿನ ಪಶು ದವಾಖಾನೆಯ ಡಾಕ್ಟರಿಗೆ ಫೋನ್ ಮಾಡಿದೆ. ಅವರ ಮಗಳು ನನ್ನ ವಿದ್ಯಾರ್ಥಿನಿಯಾಗಿದ್ದಳು. ಫೋನಿನಲ್ಲಿ ಅವರ ಹಿಂದೆ ಎಮ್ಮೆಯೊಂದು ಅರಚುತ್ತಿತ್ತು. ಅವರು ಯಾವುದೋ ಹೊಲದ ಮನೆಯಲ್ಲಿದ್ದರು. ನಾನು ಹೇಳಿ ಮುಗಿಸುವ ಮೊದಲೇ ಅವರ ದನಿ ಏರಿತು.

"ಎಳೀಬ್ಯಾಡ್ರಿ! ಯಾರೂ ಕೈ ಹಚ್ಚಬ್ಯಾಡ್ರಿ ಆ ದಾರಕ್ಕ. ಒಳಗ ಸೂಜಿ ಎಲ್ಲಿ ಚುಚ್ಚಿಕೊಂಡೇತೋ ಗೊತ್ತಿಲ್ಲ. ನೀವು ಇಲ್ಲಿ ಎಳದ್ರ ಅಲ್ಲಿ ಕರಳು ಹರೀತೈತಿ."

"ನೀವು ಬಂದು ನೋಡ್ತೀರೇನ್ರಿ ಸರ್?"

"ನಾ ಬಂದ್ರೂ ಉಪಯೋಗಿಲ್ರಿ ಮೇಡಂ. ನಮ್ಮಲ್ಲಿ ಎಕ್ಸ್‌ರೇ ಇಲ್ಲ. ಧಾರವಾಡಕ್ಕ ಹೋಗ್ರಿ, ಈಗ ಹೊಂಡ್ರಿ. ಹೊಟ್ಟಿಗೆ ಏನೂ ಹಾಕಬ್ಯಾಡ್ರಿ, ಎಣ್ಣಿ, ಬಾಳಿಹಣ್ಣ, ಏನೂ ಬ್ಯಾಡ. ನಾ ಅಲ್ಲಿ ಡಾಕ್ಟರಿಗೆ ಫೋನ್ ಮಾಡಿ ಹೇಳತೇನಿ."

ನಾನು ಶಾಲೆಗೆ ರಜೆ ಹೇಳಿದೆ. ಗಂಡ ಮೋಟರ್ ಸಾಗಿಸುವ ಸಣ್ಣ ಗೂಡ್ಸ್ ಗಾಡಿಯನ್ನು ತಿರುಗಿಸಿ ನಿಲ್ಲಿಸಿದರು. ನಾಯಿಯನ್ನು ಹಳೆಯ ಕಂಬಳಿಯಲ್ಲಿ ಸುತ್ತಿ ಮುಂದಿನ ಸೀಟಿನಲ್ಲಿ ನನ್ನ ತೊಡೆಯ ಮೇಲೆ ಮಲಗಿಸಿಕೊಂಡೆ. ಅವ್ವನೂ ಹತ್ತಲು ಬಂದಳು. ತಂಗಿಯ ಜೊತೆಗೆ ಯಾರಾದರೂ ಇರಬೇಕಲ್ಲ ಎಂದಾಗ ಬಾಗಿಲಲ್ಲೇ ನಿಂತುಬಿಟ್ಟಳು. ಏಳು ಗಂಟೆಯಾದರೂ ಅವಳು ತಲೆ ಬಾಚಿಕೊಂಡಿರಲಿಲ್ಲ. ಅದನ್ನು ನಾನು ಗಾಡಿಯ ಕನ್ನಡಿಯಲ್ಲಿ ನೋಡಿದೆ.

ಕಿತ್ತೂರಿನ ಮೇಲೆ ಹಾದು ಹೆದ್ದಾರಿ ಹಿಡಿಯೋಣವೆಂದು ಹೊರಟೆವು. ಆದರೆ ಕಿತ್ತೂರು ಮುಟ್ಟುವ ತನಕ ಮುಂದೆಲ್ಲ ಕಬ್ಬಿನ ಟ್ರ್ಯಾಕ್ಟರುಗಳು. ಒಂದೊಂದರ ಹಿಂದೆ ಎರಡೆರಡು ಟ್ರೇಲರು, ರಸ್ತೆಯ ಎರಡೂ ಬದಿ ಚಾಚಿಕೊಂಡ ಕಬ್ಬು. ಹಾರ್ನ್ ಹಾಕಿದರೆ ಅವರಿಗೆ ತಮ್ಮದೇ ಹಾಡಿನ ಗದ್ದಲದಲ್ಲಿ ಕೇಳುತ್ತಿರಲಿಲ್ಲ. ಗಾಡಿ ಕುಣಿಯಲ್ಲಿ ಇಳಿದು ಕುಲುಕಿದಾಗಲೆಲ್ಲ ನನ್ನ ಕೈ ನಾಯಿಯ ಹೊಟ್ಟೆಯ ಕೆಳಗೆ ತಾನಾಗಿ ಬಿಗಿಯಾಗುತ್ತಿತ್ತು. ಆ ಹೊಟ್ಟೆಯೊಳಗೆ ಒಂದು ಮೊನೆ ಇದೆ, ಪ್ರತಿ ಕುಲುಕಿಗೂ ಅದು ಒಂದು ಕೂದಲೆಳೆಯಷ್ಟು ಮುಂದೆ ಹೋಗುತ್ತಿದೆ ಎಂದು ಅನಿಸುತ್ತಿತ್ತು. ನಾಯಿ ಕೂಗಲಿಲ್ಲ. ಕೂಗಿದ್ದರೆ ವಾಸಿ ಅನಿಸಿತು. ಅದರ ಜೊಲ್ಲಿಗೆ ನನ್ನ ಸೀರೆ ಒದ್ದೆಯಾಗಿತ್ತು.

"ಉಸರಾಡಾಕ ಹತ್ತೇತಿಲ್ಲ?" ಗಂಡ ಕೇಳುತ್ತಿದ್ದರು. ಸ್ವಲ್ಪ ದೂರ ಹೋಗಿ ಮತ್ತೆ ಅದೇ ಕೇಳುತ್ತಿದ್ದರು.

ಧಾರವಾಡದ ಆ ದವಾಖಾನೆ ಒಂದು ಮನೆಯ ಕೆಳಗಿನ ಅಂತಸ್ತಿನಲ್ಲಿತ್ತು. ಡಾಕ್ಟರಮ್ಮ ನನ್ನ ತಂಗಿಯ ವಯಸ್ಸಿನವರು. ಮಾತಿಗಿಂತ ಮುಂಚೆ ನಾಯಿಯ ಒಸಡು ಒತ್ತಿ ನೋಡಿದರು, ಹೊಟ್ಟೆ ಮುಟ್ಟಿ ನೋಡಿದರು. ಮುಟ್ಟಿದ ಕೂಡಲೇ ಅವರ ಹುಬ್ಬು ಗಂಟಾದದ್ದನ್ನು ನಾನು ಕಂಡೆ. ಎಕ್ಸ್‌ರೇಯನ್ನು ಕಂಪ್ಯೂಟರಿನ ಪರದೆಯ ಮೇಲೆ ತೋರಿಸಿದರು. ಬೂದು ಮೋಡಗಳ ಹಾಗಿದ್ದ ಹೊಟ್ಟೆಯ ನಡುವೆ ಒಂದು ಬಿಳಿ ಗೆರೆ. ಅಷ್ಟು ನೇರ, ಅಷ್ಟು ಸ್ಪಷ್ಟ. ಅದರ ತುದಿಯ ಕಣ್ಣು ಕೂಡ ಕಾಣುತ್ತಿತ್ತು. ನಾವು ಅಂಗಳದಲ್ಲೆಲ್ಲ ಹುಡುಕಿದ ಸೂಜಿ ಅದೇ.

"ಸೂಜಿ ಒಂದೇ ಆಗಿದ್ರ ಇಷ್ಟು ಹೆದರತಿದ್ದಿಲ್ಲ ನಾ" ಎಂದರು. "ಎಷ್ಟೋ ಸಲ ಸೂಜಿ ತಾನ ಹೊರಗ ಹೋಗ್ತದ. ಇಲ್ಲಿ ತ್ರಾಸು ದಾರದ್ದು. ದಾರ ನಾಲಿಗಿಗೆ ಸಿಕ್ಕೊಂಡದ, ಸೂಜಿ ಜಠರಾ ದಾಟಿ ಸಣ್ಣ ಕರುಳಿಗೆ ಇಳದದ. ಕರುಳು ಅದನ್ನ ಮುಂದ ತಳ್ಳಲಿಕ್ಕೆ ನೋಡ್ತದ, ಮ್ಯಾಲೆ ದಾರ ಬಿಡೂದಿಲ್ಲ. ಹಂಗಾಗಿ ಕರುಳೇ ದಾರದ ಮ್ಯಾಲೆ ಏರಿ ನಿರಿಗಿ ನಿರಿಗಿ ಆಗಿಬಿಟ್ಟದ. ಈಗ ಬಿಡಸಲಿಲ್ಲಂದ್ರ ದಾರ ಗರಗಸದಂಗ ಕೊಯ್ತದ."

"ಆಪರೇಷನ್ ಮಾಡಿದ್ರ ಉಳೀತೈತ್ರಿ?" ಗಂಡ ಕೇಳಿದರು.

"ಖಾತ್ರಿ ಹೇಳಲಾರೆ. ಎಲ್ಲೂ ತೂತು ಬಿದ್ದಿರಲಿಲ್ಲಂದ್ರ ಛಲೋ. ಬಿದ್ದಿತ್ತಂದ್ರ ನೋಡಬೇಕು. ತಡಾ ಮಾಡೂದು ಬ್ಯಾಡ."

ಅವರು ನಾಯಿಯನ್ನು ಒಳಗೆ ಒಯ್ದರು. ಬಾಗಿಲು ಮುಚ್ಚುವ ಮುನ್ನ ಅದು ತಲೆ ತಿರುಗಿಸಿ ನಮ್ಮನ್ನು ಹುಡುಕಿತು. ನಾವು ಹೊರಗಿನ ಬೆಂಚಿನ ಮೇಲೆ ಕುಳಿತೆವು. ಗೋಡೆಯ ಮೇಲೆ ಬೆಕ್ಕು ನಾಯಿಗಳ ಹಲ್ಲಿನ ಚಿತ್ರಗಳಿದ್ದವು. ನಾನು ಅದೇ ಚಿತ್ರಗಳನ್ನು ಮತ್ತೆ ಮತ್ತೆ ನೋಡಿದೆ. ಗಂಡ ಎದ್ದು ರಸ್ತೆಗೆ ಹೋಗುತ್ತಿದ್ದರು, ಗಾಡಿಯ ಟೈರು ಒದ್ದು ನೋಡುತ್ತಿದ್ದರು, ಬಂದು ಕುಳಿತು ಮತ್ತೆ ಏಳುತ್ತಿದ್ದರು.

ಅಷ್ಟರಲ್ಲಿ ತಂಗಿಯ ಫೋನ್ ಬಂತು. ಎತ್ತಲೋ ಬೇಡವೋ ಎಂದು ಕೈಯಲ್ಲೇ ಹಿಡಿದು ಕುಳಿತೆ. ಎತ್ತದಿದ್ದರೆ ಇನ್ನೂ ಗಾಬರಿಯಾದಾಳು ಎಂದು ಎತ್ತಿದೆ.

"ಅಕ್ಕಾ, ಎಲ್ಲಿದೀರಿ?"

"ಇಲ್ಲೇ ದವಾಖಾನ್ಯಾಗ. ನಾಯಿಗೆ ಇಂಜೆಕ್ಷನ್ ಮಾಡಸಾಕ..."

"ಸುಳ್ಳ ಹೇಳಬ್ಯಾಡಕ್ಕಾ. ಅವ್ವ ಮುಂಜಾನಿಂದ ನೀರ ಕುಡದಿಲ್ಲ. ದೇವರ ಮುಂದ ಕುಂತಾಳ, ಏಳವಲ್ಲಳು. ಸೂಜಿ ನುಂಗೇತಿ ಅಲಾ?"

"ಹೂಂ" ಎಂದೆ.

"ನನಗ್ಯಾಕ ಮುಚ್ಚಿಟ್ರಿ? ಬಸುರಿ ಇದ್ದೇನಿ, ಖರೆ. ಕೂಸಲ್ಲ ನಾ" ಎಂದು ರೇಗಿದಳು. ಮತ್ತೆ, "ಏನಂದ್ರು ಡಾಕ್ಟರು, ಸರಿಯಾಗಿ ಹೇಳು" ಎಂದಳು.

ಎಲ್ಲವನ್ನೂ ಹೇಳಿದೆ. ದಾರ, ಕರುಳು, ನಿರಿಗೆ. ಅವಳು ಸ್ಪೀಕರ್ ಹಾಕಿದ್ದಳೆಂದು ನನಗೆ ಗೊತ್ತಿರಲಿಲ್ಲ. ಅತ್ತ ಕಡೆಯಿಂದ ಅವ್ವನ ದನಿ ಬಂತು, ಅಲ್ಲೇ ಎಲ್ಲೋ ದೂರದಿಂದ.

"ದಾರ ಜಗ್ಗಿದ್ರ ಕೌದೀ ಅರಬಿ ಸುಕ್ಕ ಆಗತೈತಲಾ, ಹಂಗ ಆಗೇತಿ ಅದರ ಹೊಟ್ಟ್ಯಾಗ. ಮುಂಜಾನಿ ನಾ ಜಗ್ಗಾಕ ಹೋಗಿದ್ದೆ, ಯವ್ವಾ. ನಾ ಜಗ್ಗಾಕ ಹೋಗಿದ್ದೆ."

ಅವಳು ಅಳತೊಡಗಿದಳು. ಅವ್ವ ಅತ್ತದ್ದನ್ನು ನಾನು ಅಪ್ಪ ತೀರಿಕೊಂಡಾಗ ಬಿಟ್ಟರೆ ಕೇಳಿರಲಿಲ್ಲ. ಫೋನಿನಲ್ಲಿ ತಂಗಿ ಅವಳಿಗೆ ಏನೇನೋ ಹೇಳುತ್ತಿದ್ದಳು, ಪಾತ್ರೆಯ ಸದ್ದು ಕೇಳಿತು, "ಒಂದ್ ಗುಟುಕು ಚಾ ಕುಡಿ, ನನ್ನ ಆಣಿ ಐತಿ" ಎಂದದ್ದು ಕೇಳಿತು. ಯಾರಿಗೆ ಆಘಾತವಾಗಬಾರದೆಂದು ನಾವು ಪಿಸುಗುಟ್ಟುತ್ತ ತಿರುಗಿದ್ದೆವೋ, ಅವಳೇ ಅಲ್ಲಿ ತುಂಬಿದ ಹೊಟ್ಟೆ ಹೊತ್ತುಕೊಂಡು ನೆಲದ ಮೇಲೆ ಅವ್ವನ ಎದುರು ಕುಳಿತಿದ್ದಳು. "ನೀವು ಇಲ್ಲೀದು ಚಿಂತಿ ಮಾಡಬ್ಯಾಡ್ರಿ. ಅವ್ವನ ನಾ ನೋಡಕೋತೇನಿ" ಎಂದು ಹೇಳಿ ಫೋನ್ ಇಟ್ಟಳು.

ಒಳಗಿನಿಂದ ಯಾರೂ ಹೊರಗೆ ಬರಲಿಲ್ಲ. ಬಿಸಿಲು ಎದುರು ಮನೆಯ ಕಾಂಪೌಂಡು ದಾಟಿ ಹೋಯಿತು. ಒಬ್ಬರು ಮೊಲವನ್ನು ಬುಟ್ಟಿಯಲ್ಲಿ ತಂದು, ಕಾದು, ನಾಳೆ ಬರುತ್ತೇವೆಂದು ಹೊರಟುಹೋದರು. ಕೊನೆಗೆ ಡಾಕ್ಟರಮ್ಮ ಬಂದಾಗ ಅವರ ಕೈಯಲ್ಲೊಂದು ಉಕ್ಕಿನ ತಟ್ಟೆ ಇತ್ತು. ಅದರಲ್ಲಿ ಸೂಜಿ. ದಾರ ತುಂಡು ತುಂಡಾಗಿತ್ತು, ಕೆಂಪು ಹೋಗಿ ಕಂದಾಗಿತ್ತು.

"ಬಾಯಾಗಿಂದು ಮೊದಲು ಕತ್ತರಿಸಿ ಸಡಲ ಮಾಡಿದ್ವಿ. ಆಮ್ಯಾಲೆ ಎರಡು ಮೂರು ಕಡೆ ಕರುಳು ಕೊಯ್ದು ದಾರ ಬಿಡಿಸಬೇಕಾತು. ಒಂದು ಕಡೆ ಸಣ್ಣ ತೂತು ಬಿದ್ದಿತ್ತು, ಹೊಲದೇನಿ." ಒಂದು ಕ್ಷಣ ನಿಂತು, "ಈಗ ಉಸಿರಾಟ ಛಲೋ ಅದ. ಆದರ ಈ ವಾರ ಕಳೀಬೇಕು. ಹೊಲಗಿ ಬಿಚ್ಚಿದ್ರ ಕಷ್ಟ" ಎಂದರು.

ನಾಯಿ ಅಲ್ಲೇ ಉಳಿಯಿತು. ನಾವು ಮರಳಿದ್ದು ಖಾಲಿ ಕಂಬಳಿಯೊಂದಿಗೆ. ಗಂಡ ದಿನಾ ಅಂಗಡಿ ಮುಚ್ಚಿ ಧಾರವಾಡಕ್ಕೆ ಹೋಗಿ ಬರುತ್ತಿದ್ದರು. ನಾನು ತರಗತಿಯಲ್ಲಿ ಪಾಠ ಹೇಳುತ್ತ ಹೇಳುತ್ತ ಮೇಜಿನೊಳಗಿನ ಫೋನ್ ನಡುಗಿತೇ ಎಂದು ಕೈಯಿಟ್ಟು ನೋಡುತ್ತಿದ್ದೆ. ಅವ್ವ ಕೌದಿಯನ್ನು ಮಡಚಿ ಟ್ರಂಕಿನ ಮೇಲಿಟ್ಟಳು, ಮುಟ್ಟಲಿಲ್ಲ. ಒಂದು ದಿನ ಜ್ವರ ಏರಿದೆ ಎಂದು ಸುದ್ದಿ ಬಂತು. ಆ ದಿನ ಮನೆಯಲ್ಲಿ ಒಬ್ಬರೊಬ್ಬರ ಮುಖ ನೋಡದೆ ರೊಟ್ಟಿ ತಿಂದೆವು. ಮರುದಿನ ಜ್ವರ ಇಳಿಯಿತು. ಅದರ ಮರುದಿನ ಗಂಡ ಕಳಿಸಿದ ವಿಡಿಯೋದಲ್ಲಿ ನಾಯಿ ನಾಲ್ಕು ಕಾಲಿನ ಮೇಲೆ ನಿಂತು, ತಟ್ಟೆಯಲ್ಲಿದ್ದ ತೆಳು ಗಂಜಿಯನ್ನು ನೆಕ್ಕುತ್ತಿತ್ತು. ತಂಗಿ ಅದನ್ನು ಅವ್ವನಿಗೆ ಎಷ್ಟು ಸಲ ತೋರಿಸಿದಳೋ.

ಅದು ಮನೆಗೆ ಬಂದಾಗ ಕೊರಳಿಗೆ ಅಗಲವಾದ ಪ್ಲಾಸ್ಟಿಕ್ ಪಟ್ಟಿ ಹಾಕಿದ್ದರು, ಹೊಲಿಗೆಯನ್ನು ನೆಕ್ಕಿಕೊಳ್ಳಬಾರದೆಂದು. ಬಾಗಿಲಿಗೆ, ಕುರ್ಚಿಗೆ, ನಮ್ಮ ಮೊಣಕಾಲಿಗೆ ಬಡಿಯುತ್ತ ಬಂದು ತಂಗಿಯ ಪಾದದ ಬಳಿ ಬಿದ್ದುಕೊಂಡಿತು. ಪಕ್ಕೆಲುಬು ಎಣಿಸುವ ಹಾಗಿದ್ದವು. ಅವ್ವ ಹತ್ತಿರ ಹೋಗಲಿಲ್ಲ. ದೂರದಲ್ಲೇ ಕುಳಿತು ನೋಡುತ್ತಿದ್ದಳು. ಆಮೇಲೆ ನಾಯಿಯೇ ಎದ್ದು ಹೋಗಿ, ಆ ಪಟ್ಟಿಯ ಸಮೇತ ತಲೆಯನ್ನು ಅವಳ ಮಡಿಲಿಗೆ ತುರುಕಿತು. "ಹೋಗಲೇ, ಅಳಸ್ತಿ ನನ್ನ" ಎಂದು ಅವಳು ಅದರ ಬೆನ್ನ ಮೇಲೆ ಕೈಯಿಟ್ಟಳು.

ತಂಗಿಗೆ ಹೆಣ್ಣು ಕೂಸು ಹುಟ್ಟಿತು. ಹೆರಿಗೆ ಸುಸೂತ್ರವಾಯಿತು. ಬಾಣಂತನ ಮುಗಿಸಿ ರಾಮದುರ್ಗಕ್ಕೆ ಹೋದವಳು ಕೂಸು ಅಂಬೆಗಾಲಿಡುವ ಹೊತ್ತಿಗೆ ಮತ್ತೆ ಬಂದಿದ್ದಾಳೆ. ಕೂಸನ್ನು ನೋಡಲು ಅವ್ವನೂ ಹೂಲಿಯಿಂದ ಬಂದಿದ್ದಾಳೆ. ನಾಯಿಗೆ ಮೈ ತುಂಬಿಕೊಂಡಿದೆ. ಹೊಟ್ಟೆಯ ಮೇಲೆ ಕೂದಲು ಬಾರದ ಒಂದು ಗೆರೆ ಉಳಿದಿದೆ, ಅಷ್ಟೆ. ಚಾಳಿ ಮಾತ್ರ ಬಿಟ್ಟಿಲ್ಲ. ಬಾಟಲಿಯ ಮುಚ್ಚಳ, ಪೆನ್ಸಿಲಿನ ಚೂರು, ಕೂದಲ ಕ್ಲಿಪ್ಪು, ಯಾವುದು ಬಿದ್ದರೂ ಅದರ ಕಿವಿ ನಿಮಿರುತ್ತದೆ. ಈಗ ಕೂಸಿಗೂ ಅದೇ ಚಾಳಿ. ಇಬ್ಬರೂ ಒಂದೇ ನೆಲದ ಮೇಲೆ ಹರಿದಾಡುತ್ತಾರೆ. ನಾನು ಮನೆಯಲ್ಲಿ ನಡೆಯುವಾಗ ಎದುರಿಗಿದ್ದವರ ಮುಖ ನೋಡುವುದನ್ನೇ ಬಿಟ್ಟಿದ್ದೇನೆ. ಕಣ್ಣು ಸದಾ ನೆಲದ ಮೇಲೆ.

ನಿನ್ನೆ ಸಂಜೆ ಶಾಲೆಯಿಂದ ಬಂದು ಕಿವಿ ಮುಟ್ಟಿಕೊಂಡೆ. ಓಲೆಯ ಹಿಂದಿನ ತಿರುಪು ಇರಲಿಲ್ಲ.

"ಯಾರೂ ಅಲುಗಾಡಬ್ಯಾಡ್ರಿ!" ಎಂದು ಕೂಗಿದೆ. ನನ್ನ ದನಿಗೆ ನಾನೇ ಬೆಚ್ಚಿದೆ.

ಎಲ್ಲರೂ ಇದ್ದಲ್ಲೇ ನಿಂತರು. ತಂಗಿ ಬಾಗಿ ನಾಯಿಯ ಕೊರಳ ಬೆಲ್ಟು ಹಿಡಿದುಕೊಂಡಳು. ಅವ್ವ ಕೂಸನ್ನು ಎತ್ತಿ ಸೊಂಟಕ್ಕೇರಿಸಿಕೊಂಡಳು. ಗಂಡ ಬ್ಯಾಟರಿ ಹಿಡಿದು ನೆಲಕ್ಕೆ ಕೆನ್ನೆ ಹಚ್ಚಿ ಮಂಚದ ಕೆಳಗೆ, ಬಾಗಿಲ ಸಂದಿಯಲ್ಲಿ ಬೆಳಕು ಬಿಟ್ಟರು. ನಾನು ನಾಯಿಯ ಬಾಯಿ ತೆರೆದು ನಾಲಿಗೆ ಎತ್ತಿ ನೋಡಿದೆ, ಕೂಸಿನ ಬಾಯಲ್ಲೂ ಬೆರಳಾಡಿಸಿದೆ. ಕೂಸು ಕಚ್ಚಿತು. ಕೊನೆಗೆ ತಿರುಪು ಸಿಕ್ಕಿದ್ದು ನನ್ನ ಸೆರಗಿನ ಮಡಿಕೆಯಲ್ಲಿ, ಪಿನ್ನಿನ ಹತ್ತಿರ.

"ಸಿಕ್ತು" ಎಂದೆ. ಗಂಡ ಮೊಣಕೈ ಒರೆಸಿಕೊಳ್ಳುತ್ತ ಎದ್ದರು. ತಂಗಿ ನಾಯಿಯ ಬೆಲ್ಟು ಬಿಟ್ಟಳು. ಅವ್ವ ಮಾತ್ರ ಕೂಸನ್ನು ಕೆಳಗೆ ಬಿಡುವ ಮೊದಲು ಆ ನೆಲವನ್ನು ಇನ್ನೊಮ್ಮೆ ನೋಡಿದಳು.